ಎಚ್-1ಬಿಗೂ ಮುಂಚೆ ಒಂದು ಎಚ್-1ಎ ಇತ್ತು: ಗಡಿ ದಾಟಿದ ನರ್ಸ್‌ಗಳ ಕಾಂಟ್ರ್ಯಾಕ್ಟ್ ಕತೆ

ಹೋದ ವಾರದ ಮಾತು ಸ್ವಲ್ಪ ಉದ್ದ ಆಯ್ತು. "ಪೂರ್ತಿ ಕೇಳೋಕೆ ಟೈಮ್ ಇಲ್ಲ, ಬರಹದಲ್ಲಿ ಹಾಕಿ, ಕ್ಯಾಬ್‌ನಲ್ಲಿ ಓದ್ಕೋತೀವಿ" ಅಂತ ಹಲವರು ಕೇಳಿದ್ರಿ. ಇದು ಆ ಮಾತಿನ ಬರಹ. ವಿಡಿಯೋದಲ್ಲಿ ಅವಸರದಲ್ಲಿ ದಾಟಿಸಿದ ಒಂದೆರಡು ಜಾಗ ಇಲ್ಲಿ ಬಿಡಿಸಿ ಹೇಳಿದ್ದೀನಿ.

ಶುರು ಮಾಡೋದು ಒಂದು ವಾರ್ಡ್‌ನಿಂದ. ಎರಡು ವರ್ಷದ ಹಿಂದೆ ನಮ್ಮಪ್ಪನಿಗೆ ಪುಣೆಯಲ್ಲಿ ಬೈಪಾಸ್ ಆಯ್ತು. ಅಪ್ಪ ದಾವಣಗೆರೆ ಬಿಟ್ಟು ಹೊರಗೆ ಇದ್ದವರಲ್ಲ. ಮರಾಠಿ ಬರಲ್ಲ, ಹಿಂದಿ ಅಷ್ಟಕ್ಕಷ್ಟೇ. ಐಸಿಯುನಿಂದ ವಾರ್ಡ್‌ಗೆ ತಂದ ರಾತ್ರಿ ತಾವು ಎಲ್ಲಿದ್ದೀವಿ ಅನ್ನೋದೇ ಅವರಿಗೆ ಸರಿಯಾಗಿ ಗೊತ್ತಾಗ್ತಿರಲಿಲ್ಲ. ಆಗ ನೈಟ್ ಡ್ಯೂಟಿ ಸಿಸ್ಟರ್ ಬಂದು, "ಅಂಕಲ್, ಕೆಮ್ಮು ಬಂದ್ರೆ ಈ ದಿಂಬನ್ನ ಎದೆಗೆ ಒತ್ತಿ ಹಿಡ್ಕೊಳ್ಳಿ, ಹೊಲಿಗೆ ನೋಯಲ್ಲ" ಅಂದ್ರು. ಕನ್ನಡದಲ್ಲಿ! ಅಪ್ಪ ಪೂರ್ತಿ ಕಣ್ಣು ಬಿಟ್ಟು ಕೇಳಿದ ಮೊದಲ ಮಾತು, "ಯಾವೂರಮ್ಮ ನಿಂದು?"

ಊರು ಕೋಟ್ಟಯಂ ಹತ್ತಿರ. ನರ್ಸಿಂಗ್ ಓದಿದ್ದು ಬೆಂಗಳೂರಲ್ಲಿ, ನಾಲ್ಕು ವರ್ಷ. ಕನ್ನಡ ಅಲ್ಲಿ ಬಂದದ್ದು. ನಮ್ಮ ಬೆಂಗಳೂರು, ಮಂಗಳೂರಿನ ನರ್ಸಿಂಗ್ ಕಾಲೇಜುಗಳಲ್ಲಿ ಕೇರಳದ ಮಕ್ಕಳು ಎಷ್ಟು ಜನ ಓದ್ತಾರೆ ಅನ್ನೋದು ಆ ಕಡೆಯ ನಿಮಗೆಲ್ಲ ಗೊತ್ತೇ ಇದೆ. ರಾತ್ರಿ ಮೂರು ಗಂಟೆಗೆ ವಾರ್ಡ್ ತಣ್ಣಗಾದಾಗ ಆಕೆ ಮೊಬೈಲ್‌ನಲ್ಲಿ ಏನೋ ಬಾಯಿಪಾಠ ಮಾಡ್ತಿದ್ರು. ಜರ್ಮನ್ ಭಾಷೆ. ಬಿ2 ಪರೀಕ್ಷೆಗೆ ತಯಾರಿ. "ಯಾವಾಗ ಹೊರಡ್ತೀರಿ?" ಅಂದೆ. "ಪರೀಕ್ಷೆ ಪಾಸಾಗಬಹುದು ಅಣ್ಣ. ಆದ್ರೆ ನನ್ನ ಒರಿಜಿನಲ್ ಸರ್ಟಿಫಿಕೇಟ್ ಎಲ್ಲ ಇಲ್ಲಿನ ಎಚ್‌ಆರ್ ಹತ್ರ ಇದೆ. ಎರಡು ವರ್ಷದ ಬಾಂಡ್. ನಿಮ್ಮ ಕಂಪನಿಲೂ ಹೀಗೇನಾ?" ಅಂತ ನನ್ನನ್ನೇ ಕೇಳಿದ್ರು.

ನಗು ಬಂತು, ಆಮೇಲೆ ನಗು ಹೋಯ್ತು. ನನ್ನ ಮೊದಲ ಕೆಲಸದಲ್ಲೂ ಬಾಂಡ್ ಇತ್ತು. ನನ್ನ ಮಾರ್ಕ್ಸ್ ಕಾರ್ಡೂ ಒಂದು ಬೀರುವಿನಲ್ಲಿ ಹದಿನೆಂಟು ತಿಂಗಳು ಕೂತಿತ್ತು. ಅದನ್ನ ನಾನು "ಎಲ್ಲ ಕಡೆ ಹೀಗೇ" ಅಂತ ಮರೆತಿದ್ದೆ. ಆ ರಾತ್ರಿಯಿಂದ ಈ ವಿಷಯ ಓದೋಕೆ ಶುರು ಮಾಡಿದೆ. ಓದ್ತಾ ಹೋದ ಹಾಗೆ ಒಂದು ಪ್ರಶ್ನೆ ಮತ್ತೆ ಮತ್ತೆ ಎದುರಾಯ್ತು: ಕಾಗದ ಯಾರ ಕೈಲಿದೆ? ವೀಸಾ, ರಿಜಿಸ್ಟ್ರೇಷನ್, ಸರ್ಟಿಫಿಕೇಟ್, ಬಾಂಡ್, ಇವು ಯಾರ ಕೈಲಿವೆಯೋ ಕೆಲಸದ ಷರತ್ತು ಅವರ ಮಾತಿನಂತೆ ನಡೆಯುತ್ತೆ. ಇವತ್ತಿನ ಕತೆ ಇದೇ.

1948: ಎರಡು ದೇಶ, ಎರಡು ಬಾಗಿಲು

ಒಂದೇ ವರ್ಷದಲ್ಲಿ ಎರಡು ಘಟನೆ. ಬ್ರಿಟನ್‌ನಲ್ಲಿ 1948ರ ಜುಲೈ 5ಕ್ಕೆ ಎನ್‌ಎಚ್‌ಎಸ್ ಶುರುವಾಯ್ತು. ಎಲ್ಲರಿಗೂ ಉಚಿತ ಚಿಕಿತ್ಸೆ ಅಂತ ಸರ್ಕಾರ ಘೋಷಿಸಿತು, ಆದ್ರೆ ವಾರ್ಡ್ ನೋಡ್ಕೊಳ್ಳೋಕೆ ಕೈಗಳೇ ಸಾಲಲಿಲ್ಲ. ಹಾಗಾಗಿ ವಸಾಹತುಗಳ ಕಡೆ ನೋಡಿದ್ರು. ಜಮೈಕಾ, ಬಾರ್ಬಡೋಸ್, ಟ್ರಿನಿಡಾಡ್‌ನಿಂದ ಹದಿನೆಂಟು ಇಪ್ಪತ್ತು ವರ್ಷದ ಹುಡುಗಿಯರು ನರ್ಸಿಂಗ್ ಕಲಿಯೋಕೆ ಅಂತ ಬಂದ್ರು.

ಇಲ್ಲೊಂದು ಸಣ್ಣ ಅಕ್ಷರದ ಷರತ್ತು ಇತ್ತು. ಬ್ರಿಟನ್‌ನಲ್ಲಿ ಎರಡು ಥರದ ತರಬೇತಿ. ಮೂರು ವರ್ಷ ಓದಿದ್ರೆ ಸ್ಟೇಟ್ ರಿಜಿಸ್ಟರ್ಡ್ ನರ್ಸ್. ಎರಡು ವರ್ಷದ್ದಾದ್ರೆ ಸ್ಟೇಟ್ ಎನ್‌ರೋಲ್ಡ್ ನರ್ಸ್. ಕೆರಿಬಿಯನ್ ಹುಡುಗಿಯರಲ್ಲಿ ಬಹಳಷ್ಟು ಜನರನ್ನ ಎರಡನೇ ಸಾಲಿಗೆ ತಳ್ಳಿದ್ರು. ವ್ಯತ್ಯಾಸ ಏನು ಅಂತ ಎಷ್ಟೋ ಜನಕ್ಕೆ ಸೇರುವಾಗ ಯಾರೂ ಹೇಳಲೇ ಇಲ್ಲ. ಎನ್‌ರೋಲ್ಡ್ ಅಂದ್ರೆ ಪ್ರಮೋಷನ್ ಅಲ್ಲಿಗೇ ನಿಂತುಹೋಗುತ್ತೆ, ಮೇಲಾಗಿ ಊರಿಗೆ ವಾಪಸ್ ಹೋದ್ರೆ ಆ ಸರ್ಟಿಫಿಕೇಟ್‌ಗೆ ಬೆಲೆ ಸಿಗೋದು ಕಷ್ಟ. ಮುಂದೆ ಹೋಗೋ ಹಾಗಿಲ್ಲ, ಹಿಂದೆ ಬರೋ ಹಾಗೂ ಇಲ್ಲ. ನಮ್ಮ ಭಾಷೇಲಿ ಹೇಳೋದಾದ್ರೆ, ಡೆವಲಪರ್ ಅಂತ ಆಫರ್ ಕೊಟ್ಟು ಸಪೋರ್ಟ್ ಪ್ರಾಜೆಕ್ಟ್‌ಗೆ ಹಾಕಿ, ಅಲ್ಲೇ ಬಿಟ್ಟ ಹಾಗೆ.

ಅದೇ 1948ರಲ್ಲಿ ಅಮೆರಿಕ ಎಕ್ಸ್‌ಚೇಂಜ್ ವಿಸಿಟರ್ ಪ್ರೋಗ್ರಾಂ ಅಂತ ಒಂದು ಯೋಜನೆ ತಂತು. ಉದ್ದೇಶ ಸಂಸ್ಕೃತಿ ವಿನಿಮಯ. ಎರಡು ವರ್ಷ ಇದ್ದು, ಕಲಿತು, ವಾಪಸ್ ಹೋಗಬೇಕು. ಇದನ್ನ ಅತಿ ಹೆಚ್ಚು ಬಳಸಿಕೊಂಡವರು ಫಿಲಿಪೈನ್ಸ್‌ನ ನರ್ಸ್‌ಗಳು. ಯಾಕೆ ಅವರೇ? 1898ರಿಂದ 1946ರವರೆಗೆ ಫಿಲಿಪೈನ್ಸ್ ಅಮೆರಿಕದ ಕೈಲಿತ್ತು. ಅಲ್ಲಿನ ನರ್ಸಿಂಗ್ ಶಾಲೆಗಳು ಅಮೆರಿಕದ ಪಠ್ಯಕ್ರಮದಲ್ಲಿ, ಇಂಗ್ಲಿಷ್‌ನಲ್ಲಿ ನಡೀತಿದ್ವು. ಅಂದ್ರೆ ತರಬೇತಿಯ ಖರ್ಚು ಮನಿಲಾದ್ದು, ಲಾಭ ಷಿಕಾಗೋದ್ದು. ಕಾಗದದ ಮೇಲೆ ಇವರು ವಿನಿಮಯದ ಅತಿಥಿಗಳು, ಹಾಗಾಗಿ ಸಿಕ್ಕಿದ್ದು ಸಂಬಳ ಅಲ್ಲ, ಸ್ಟೈಪೆಂಡ್. ಮಾಡಿದ್ದು ಮಾತ್ರ ಪೂರ್ತಿ ನರ್ಸ್ ಕೆಲಸ. ಆಸ್ಪತ್ರೆಗಳಿಗೆ ಇದು ಬಹಳ ಅಗ್ಗ. ಇಂಟರ್ನ್ ಅಂತ ಕರೆದು ಪ್ರೊಡಕ್ಷನ್ ಕೆಲಸ ಮಾಡಿಸೋದನ್ನ ನಮ್ಮವರು ಹೊಸದಾಗಿ ಕಂಡುಹಿಡಿದದ್ದಲ್ಲ.

ಎಚ್-1 ಹೇಗೆ ಎರಡಾಯ್ತು

ಈಗ ನಮಗೆ ಹತ್ತಿರದ ಅಕ್ಷರಗಳಿಗೆ ಬರೋಣ. ಎಚ್-1 ಅನ್ನೋ ವೀಸಾ 1952ರ ಕಾನೂನಿನದ್ದು. ವಿಶೇಷ ಯೋಗ್ಯತೆ ಇರೋರು ತಾತ್ಕಾಲಿಕ ಕೆಲಸಕ್ಕೆ ಬರಬಹುದು, ಅಷ್ಟೇ. 1970ರ ತಿದ್ದುಪಡಿಯಲ್ಲಿ ಒಂದು ಪದದ ಆಟ ನಡೀತು: ಮನುಷ್ಯ ಬರೋದು ತಾತ್ಕಾಲಿಕವಾಗಿದ್ರೆ ಸಾಕು, ಕೆಲಸ ಖಾಯಂ ಇದ್ರೂ ಪರವಾಗಿಲ್ಲ ಅಂತಾಯ್ತು. ಇದು ನರ್ಸ್‌ಗಳಿಗೆ ತಕ್ಷಣ ಉಪಯೋಗಕ್ಕೆ ಬಂತು. ಯಾಕಂದ್ರೆ ವಾರ್ಡ್ ಕೆಲಸ ಯಾವತ್ತೂ ತಾತ್ಕಾಲಿಕ ಅಲ್ವಲ್ಲ.

1977ರಲ್ಲಿ ಸಿಜಿಎಫ್‌ಎನ್‌ಎಸ್ ಅನ್ನೋ ಸಂಸ್ಥೆ ಹುಟ್ಟಿತು. ವಿದೇಶಿ ನರ್ಸ್‌ಗಳನ್ನ ಅವರ ಊರಲ್ಲೇ ಪರೀಕ್ಷೆ ಮಾಡಿ, ಅಮೆರಿಕದ ಲೈಸೆನ್ಸ್ ಪರೀಕ್ಷೆ ಪಾಸಾಗೋ ಸಾಧ್ಯತೆ ಇದೆಯಾ ಅಂತ ಮೊದಲೇ ನೋಡೋದು. ಇದರಿಂದ ಒಂದು ಒಳ್ಳೇದಾಯ್ತು: ಅಲ್ಲಿಗೆ ಹೋದ ಮೇಲೆ ಫೇಲಾಗಿ ಕಡಿಮೆ ಸಂಬಳದ ಆಯಾ ಕೆಲಸದಲ್ಲಿ ಸಿಕ್ಕಿಹಾಕಿಕೊಳ್ಳೋದು ಕಡಿಮೆ ಆಯ್ತು. ಒಂದು ಹೊಸ ಗೇಟೂ ಆಯ್ತು, ಅದಕ್ಕೊಂದು ಫೀಸೂ ಆಯ್ತು.

1980ರ ದಶಕದ ಕೊನೆಗೆ ಅಮೆರಿಕದಲ್ಲಿ ನರ್ಸ್ ಕೊರತೆ ವಿಪರೀತ. ಇನ್ನೊಂದು ಕಡೆ ಎಚ್-1ನಲ್ಲಿ ಬಂದ ಸಾವಿರಾರು ನರ್ಸ್‌ಗಳ ಗಡುವು ಮುಗೀತಾ ಬಂತು. ಗ್ರೀನ್ ಕಾರ್ಡ್ ಸಾಲು ಉದ್ದ. ನುರಿತ ನರ್ಸ್‌ನ ವಾಪಸ್ ಕಳಿಸಿ ಹೊಸಬರನ್ನ ಕರೆಸೋದು ಯಾವ ಲೆಕ್ಕ ಅಂತ ಆಸ್ಪತ್ರೆಗಳೇ ಗಲಾಟೆ ಮಾಡಿದ್ವು. 1989ರಲ್ಲಿ ಇಮಿಗ್ರೇಷನ್ ನರ್ಸಿಂಗ್ ರಿಲೀಫ್ ಆಕ್ಟ್ ಬಂತು. ಅದು ಎಚ್-1ನ್ನ ಎರಡಾಗಿ ಸೀಳಿತು. ನರ್ಸ್‌ಗಳದ್ದು ಎಚ್-1ಎ. ಉಳಿದವರದ್ದು ಎಚ್-1ಬಿ. ಮುಂದಿನ ವರ್ಷದ ಕಾನೂನು ಆ ಬಿ ಭಾಗಕ್ಕೆ ವರ್ಷಕ್ಕೆ 65,000 ಅನ್ನೋ ಮಿತಿ ಹಾಕಿ ಇವತ್ತಿನ ರೂಪ ಕೊಟ್ಟಿತು. ನಮ್ಮ ಅಣ್ಣಂದಿರು, ಮಾವಂದಿರು, ಕ್ಲಾಸ್‌ಮೇಟ್‌ಗಳು ಹೋಗಿದ್ದು ಈ ಬಿ ಬಾಗಿಲಲ್ಲಿ. ಆ ಬಿ ಹುಟ್ಟಿದ್ದೇ ನರ್ಸ್‌ಗಳನ್ನ ಬೇರೆ ಮಾಡಿದ್ದರಿಂದ. ಇದು ಗೊತ್ತಾದಾಗ ನಾನು ಸ್ವಲ್ಪ ಹೊತ್ತು ಸುಮ್ನೆ ಕೂತಿದ್ದೆ.

1989ರ ಕಾನೂನಿನಲ್ಲಿ ಎರಡು ವಿಷಯ ಗಮನಿಸಿ. ಒಂದು, ಆ ವರ್ಷದ ಸೆಪ್ಟೆಂಬರ್ 1ಕ್ಕೆ ಎಚ್-1ನಲ್ಲಿ ಇದ್ದು, ಮೂರು ವರ್ಷ ಕೆಲಸ ಮಾಡಿದ ನರ್ಸ್‌ಗಳಿಗೆ ಕೋಟಾ ಮಿತಿ ಇಲ್ಲದೆ ಗ್ರೀನ್ ಕಾರ್ಡ್. ಹೌದು, ಸಾಲೇ ಇಲ್ಲ. ಎರಡು, ಹೊಸದಾಗಿ ಎಚ್-1ಎ ನರ್ಸ್ ತರೋ ಆಸ್ಪತ್ರೆ ಕೆಲವು ವಿಷಯ ಬರೆದುಕೊಡಬೇಕು. ಸ್ಥಳೀಯ ನರ್ಸ್‌ಗಳ ಸಂಬಳಕ್ಕೆ ಇದರಿಂದ ಪೆಟ್ಟು ಬೀಳಲ್ಲ; ಹೊರಗಿನವರಿಗೂ ಅದೇ ಸಂಬಳ; ಮುಷ್ಕರ ನಡೀತಿಲ್ಲ; ಸ್ಥಳೀಯರನ್ನ ತಯಾರು ಮಾಡೋಕೆ, ಉಳಿಸಿಕೊಳ್ಳೋಕೆ ನಿಜವಾಗಿ ಪ್ರಯತ್ನ ಮಾಡ್ತಿದ್ದೀವಿ; ಈ ವಿಷಯ ನರ್ಸ್‌ಗಳ ಯೂನಿಯನ್‌ಗೂ ತಿಳಿಸಿದ್ದೀವಿ. ಅಮೆರಿಕದಲ್ಲಿ ಕೆಲಸ ಮಾಡಿದವರಿಗೆ ಆಫೀಸ್ ಗೋಡೆ ಮೇಲೆ ಹತ್ತು ದಿನ ಅಂಟಿಸ್ತಿದ್ದ ಎಲ್‌ಸಿಎ ಕಾಗದ ನೆನಪಿರಬಹುದು: ಇಂಥ ಹುದ್ದೆ, ಇಷ್ಟು ಸಂಬಳ ಅಂತ. ಉದ್ಯೋಗದಾತನ ಕೈಯಲ್ಲಿ ಬರೆಸಿಕೊಳ್ಳೋ ಅದೇ ಉಪಾಯ ನರ್ಸ್‌ಗಳ ಕಾನೂನಿನಲ್ಲಿ ಒಂದು ವರ್ಷ ಮೊದಲೇ ಇತ್ತು, ಅದೂ ಇನ್ನೂ ಬಿಗಿಯಾಗಿ.

ಎಚ್-1ಎ ಐದು ವರ್ಷದ ಪ್ರಯೋಗ ಅಂತ ತಂದದ್ದು. 1995ರ ಸೆಪ್ಟೆಂಬರ್‌ನಲ್ಲಿ ಮುಗೀತು, ಮುಂದುವರಿಸಲಿಲ್ಲ. 1999ರಲ್ಲಿ ಎಚ್-1ಸಿ ಅಂತ ಒಂದು ಬಂತು, ವರ್ಷಕ್ಕೆ ಬರೀ 500. ನಮ್ಮ ಎಚ್-1ಬಿಗೆ ಮಾತ್ರ 2000ದಲ್ಲಿ, ಹೊಸ ಕಂಪನಿ ಅರ್ಜಿ ಹಾಕಿದ ಕೂಡಲೇ ಕೆಲಸ ಬದಲಾಯಿಸಬಹುದು ಅನ್ನೋ ಅನುಕೂಲ ಸಿಕ್ಕಿತು. ನರ್ಸ್‌ಗಳಿಗೆ ಬಹುಪಾಲು ಉಳಿದದ್ದು ಗ್ರೀನ್ ಕಾರ್ಡ್ ದಾರಿ: ಊರಲ್ಲಿ ಕೂತು ವರ್ಷಗಟ್ಟಲೆ ಕಾಯೋದು, ಬಂದ ಮೇಲೆ ಸ್ಪಾನ್ಸರ್ ಹೇಳಿದ ಕಡೆ ದುಡಿಯೋದು.

ರಾಜೀನಾಮೆ ಕೊಟ್ಟಿದ್ದಕ್ಕೆ ಕ್ರಿಮಿನಲ್ ಕೇಸ್

2006ರ ಏಪ್ರಿಲ್. ನ್ಯೂಯಾರ್ಕ್ ಹತ್ತಿರದ ಲಾಂಗ್ ಐಲ್ಯಾಂಡ್. ಒಂದು ನರ್ಸಿಂಗ್ ಹೋಂನಲ್ಲಿ ಹತ್ತು ಫಿಲಿಪಿನೋ ನರ್ಸ್‌ಗಳು ರಾಜೀನಾಮೆ ಕೊಟ್ಟರು. ಅವರ ದೂರು ಕೇಳಿ, ಎಲ್ಲೋ ಕೇಳಿದ ಹಾಗೆ ಅನ್ಸುತ್ತೆ. ಸಹಿ ಹಾಕುವಾಗ ಇಂಥ ನರ್ಸಿಂಗ್ ಹೋಂಗೆ ನೇರ ನೇಮಕ ಅಂದಿದ್ರು. ಬಂದ ಮೇಲೆ ನೋಡಿದ್ರೆ ಪೇಸ್ಲಿಪ್ ಬರ್ತಿರೋದು ಸ್ಟಾಫಿಂಗ್ ಏಜೆನ್ಸಿಯಿಂದ. ಸಂಬಳ, ಶಿಫ್ಟ್, ವಸತಿ ಯಾವುದೂ ಹೇಳಿದ ಹಾಗಿಲ್ಲ. ಇಂಟರ್‌ವ್ಯೂ ಕ್ಲೈಂಟ್ ಹತ್ರ, ಸಂಬಳ ವೆಂಡರ್ ಹತ್ರ. ನಮಗೆ ಇದು ಹೊಸದಲ್ಲ ಬಿಡಿ.

ಅವರು ಶಿಫ್ಟ್ ಮುಗಿಸಿಯೇ ಹೋಗಿದ್ರು. ವೃತ್ತಿ ಲೈಸೆನ್ಸ್ ನೋಡಿಕೊಳ್ಳುವ ರಾಜ್ಯದ ಇಲಾಖೆ ತನಿಖೆ ಮಾಡಿ ತಪ್ಪಿಲ್ಲ ಅಂತ ಹೇಳಿತು. ಆದ್ರೂ 2007ರಲ್ಲಿ ಜಿಲ್ಲಾ ಪ್ರಾಸಿಕ್ಯೂಟರ್ ಆ ಹತ್ತೂ ಜನರ ಮೇಲೆ, ಜೊತೆಗೆ ಅವರಿಗೆ ಸಲಹೆ ಕೊಟ್ಟ ವಕೀಲರ ಮೇಲೂ ಕ್ರಿಮಿನಲ್ ಕೇಸ್ ಹಾಕಿದ್ರು. ಆರೋಪ: ವೆಂಟಿಲೇಟರ್ ಮೇಲಿದ್ದ ಮಕ್ಕಳ ಜೀವ ಅಪಾಯಕ್ಕೆ ತಳ್ಳಿದ್ರು, ಅದಕ್ಕೆ ಸಂಚು ಮಾಡಿದ್ರು. ಒಬ್ಬ ರೋಗಿಗೂ ತೊಂದರೆ ಆಗಿರಲಿಲ್ಲ.

2009ರ ಜನವರಿಯಲ್ಲಿ ನ್ಯೂಯಾರ್ಕ್‌ನ ಮೇಲ್ಮನವಿ ನ್ಯಾಯಾಲಯ ಆ ಕೇಸನ್ನೇ ತಡೆಯಿತು. ಕಾರಣವಾಗಿ ಎತ್ತಿದ್ದು ಅಮೆರಿಕ ಸಂವಿಧಾನದ ಹದಿಮೂರನೇ ತಿದ್ದುಪಡಿಯನ್ನ, ಅಂದ್ರೆ ಗುಲಾಮಗಿರಿ ರದ್ದು ಮಾಡಿದ ತಿದ್ದುಪಡಿಯನ್ನ. ಕೆಲಸ ಬಿಟ್ಟಿದ್ದಕ್ಕೆ ಜೈಲು ತೋರಿಸಿದ್ರೆ ಅದು ಬಲವಂತದ ದುಡಿಮೆಗೆ ಸಮ ಅನ್ನೋದು ಅದರ ಸಾರ.

ಕತೆ ಅಲ್ಲಿಗೆ ನಿಲ್ಲಲಿಲ್ಲ. ಅದೇ ನೇಮಕಾತಿ ಜಾಲದ ವಿರುದ್ಧ 2017ರಲ್ಲಿ ಇನ್ನೊಬ್ಬ ನರ್ಸ್, ತನ್ನಂಥ ಎಲ್ಲರ ಪರವಾಗಿ, ಸಿವಿಲ್ ದಾವೆ ಹಾಕಿದ್ರು. ಇನ್ನೂರಕ್ಕೂ ಹೆಚ್ಚು ನರ್ಸ್‌ಗಳ ದಾವೆ ಅದು. ಕಾಂಟ್ರ್ಯಾಕ್ಟ್‌ನಲ್ಲಿ ಅವಧಿಗೆ ಮೊದಲು ಬಿಟ್ಟರೆ 25,000 ಡಾಲರ್ ದಂಡ ಅಂತ ಇತ್ತು. 2019ರಲ್ಲಿ ಫೆಡರಲ್ ನ್ಯಾಯಾಧೀಶೆ, ಈ ದಂಡದ ಬೆದರಿಕೆಯೇ ಮಾನವ ಕಳ್ಳಸಾಗಣೆ ವಿರೋಧಿ ಕಾನೂನಿನ ಉಲ್ಲಂಘನೆ ಅಂತ ತೀರ್ಪು ಕೊಟ್ಟರು. 2021ರಲ್ಲಿ ಮೇಲಿನ ಕೋರ್ಟ್ ಅದರ ಮುಖ್ಯ ಭಾಗವನ್ನ ಎತ್ತಿಹಿಡೀತು. ಗಮನಿಸಿ, ಯಾರನ್ನೂ ಕೋಣೆಯಲ್ಲಿ ಕೂಡಿಹಾಕಿರಲಿಲ್ಲ. ಬಾಗಿಲಿಗೆ ಬೀಗ ಇರಲಿಲ್ಲ. ಬೀಗ ಕಾಂಟ್ರ್ಯಾಕ್ಟ್‌ನ ಒಂದು ಕಲಂನಲ್ಲಿತ್ತು.

ಜರ್ಮನಿ: ಒಮ್ಮೆ ಕರೆದು, ಕಳಿಸಿ, ಮತ್ತೆ ಕರೆದದ್ದು

ನಮ್ಮ ಸಿಸ್ಟರ್ ಹೋಗಬೇಕಿದ್ದದ್ದು ಜರ್ಮನಿಗೆ. ಕೇರಳದಿಂದ ಜರ್ಮನಿಗೆ ದಾರಿ ಬಿದ್ದದ್ದು 1960ರ ದಶಕದಲ್ಲಿ, ಕ್ಯಾಥೊಲಿಕ್ ಚರ್ಚ್ ಮೂಲಕ. ಎಷ್ಟೋ ಹುಡುಗಿಯರು ಅಲ್ಲಿ ಹೋಗಿಯೇ ಭಾಷೆ ಕಲಿತು, ನರ್ಸಿಂಗ್ ಓದಿ, ಕೆಲಸ ಹಿಡಿದ್ರು. ಅದೇ ಕಾಲದಲ್ಲಿ ದಕ್ಷಿಣ ಕೊರಿಯಾದಿಂದಲೂ ಸುಮಾರು 10,000 ನರ್ಸ್‌ಗಳು ಹೋದ್ರು. ಮನೆಗೆ ಹಣ ಬಂತು, ತಮ್ಮ ತಂಗಿಯರ ಓದು ಆಯ್ತು. ಮದುವೆಯಾಗಿ ಗಂಡನ್ನ ಕರೆಸಿಕೊಂಡರೆ ಆತನಿಗೆ ವರ್ಷಗಟ್ಟಲೆ ವರ್ಕ್ ಪರ್ಮಿಟ್ ಇಲ್ಲ. ಹೆಂಡತಿ ದುಡಿಮೆಗೆ, ಡಿಗ್ರಿ ಇರೋ ಗಂಡ ಮನೇಲಿ ಅಡುಗೆ, ಮಕ್ಕಳು. ನಮ್ಮ ಎಚ್-4 ಹೆಣ್ಣುಮಕ್ಕಳ ಕತೆಯನ್ನ ತಿರುಗಿಸಿ ಇಟ್ಟ ಹಾಗೆ.

1973ರ ನವೆಂಬರ್‌ನಲ್ಲಿ, ತೈಲ ಬಿಕ್ಕಟ್ಟಿನ ನಡುವೆ, ಜರ್ಮನಿ ಹೊರಗಿನ ಕೆಲಸಗಾರರ ನೇಮಕಕ್ಕೆ ತಡೆ ಹಾಕಿತು. ಕೆಲವು ವರ್ಷದಲ್ಲಿ ಇದು ನರ್ಸ್‌ಗಳ ಬುಡಕ್ಕೂ ಬಂತು. ಕೆಲವು ರಾಜ್ಯಗಳಲ್ಲಿ ಪರ್ಮಿಟ್ ಮುಂದುವರಿಸಲಿಲ್ಲ, ಕೇರಳದ ಎಷ್ಟೋ ಜನ ಗಂಟುಮೂಟೆ ಕಟ್ಟಬೇಕಾಯ್ತು. ಕೊರಿಯಾದ ನರ್ಸ್‌ಗಳು ಸಹಿ ಸಂಗ್ರಹ ಮಾಡಿದ್ರು. ನೀವು ಕರೆದಿರಿ ಅಂತ ಬಂದ್ವಿ, ಬೇಡ ಅಂದಾಗ ವಾಪಸ್ ಕಳಿಸೋಕೆ ನಾವು ಸಾಮಾನಲ್ಲ ಅನ್ನೋದು ಅವರ ವಾದ. 1978ರಲ್ಲಿ ದೀರ್ಘಕಾಲ ದುಡಿದವರಿಗೆ ಉಳಿಯೋ ಹಕ್ಕು ಸಿಕ್ಕಿತು. ಈಗ ಅದೇ ದೇಶ ಮತ್ತೆ ಕರೀತಿದೆ. 2021ರ ಡಿಸೆಂಬರ್‌ನಲ್ಲಿ ಜರ್ಮನಿಯ ಉದ್ಯೋಗ ಸಂಸ್ಥೆ ಮತ್ತು ಕೇರಳ ಸರ್ಕಾರದ ನೋರ್ಕಾ ರೂಟ್ಸ್ ನಡುವೆ ಒಪ್ಪಂದ ಆಯ್ತು. ಈ ದಾರಿಯಲ್ಲಿ ಹೋದರೆ ನೇಮಕದ ಖರ್ಚು ನರ್ಸ್ ಕೊಡಬೇಕಿಲ್ಲ.

ಎರಡು ಸೊನ್ನೆ

ಆ ಕೊನೆಯ ವಾಕ್ಯ ಯಾಕೆ ದೊಡ್ಡದು ಅನ್ನೋದಕ್ಕೆ ಗಲ್ಫ್ ಕಡೆ ನೋಡಬೇಕು. ನಮ್ಮ 1983ರ ವಲಸೆ ಕಾನೂನಿನ ಪ್ರಕಾರ ಏಜೆಂಟ್ ತಗೊಳ್ಳೋ ಶುಲ್ಕಕ್ಕೆ ಮಿತಿ ಇದೆ. 2015ರಲ್ಲಿ ಕೊಚ್ಚಿಯ ಒಂದು ಏಜೆನ್ಸಿ ಮೇಲೆ ಸಿಬಿಐ ಕೇಸ್ ಹಾಕಿತು. ಕುವೈತ್‌ಗೆ ಹೋಗೋ ನರ್ಸ್‌ಗಳಿಂದ 19,500 ರೂಪಾಯಿ ತಗೋಬೇಕಾದ ಕಡೆ 19.5 ಲಕ್ಷ ತಗೊಂಡರು ಅನ್ನೋದು ಆರೋಪ. ಎರಡೇ ಸೊನ್ನೆ ಹೆಚ್ಚು. ಆ ಎರಡು ಸೊನ್ನೆಗೆ ಒಂದು ಮನೆ, ಒಂದು ಅಡಿಕೆ ತೋಟ, ಅಮ್ಮನ ಬಂಗಾರ ಅಡ ಹೋಗುತ್ತೆ. ಆ ವರ್ಷದ ಏಪ್ರಿಲ್ 30ರಿಂದ ಕೇಂದ್ರ ಸರ್ಕಾರ 18 ದೇಶಗಳಿಗೆ ಹೋಗೋ ನರ್ಸ್‌ಗಳಿಗೆ ವಲಸೆ ಅನುಮತಿ ಕಡ್ಡಾಯ ಮಾಡಿ, ನೇಮಕವನ್ನ ಸರ್ಕಾರಿ ಸಂಸ್ಥೆಗಳ ಕೈಗೆ ಕೊಟ್ಟಿತು.

ಸಾಲ ಏನು ಮಾಡುತ್ತೆ ಅನ್ನೋದಕ್ಕೆ 2014ರ ಇರಾಕ್ ನೆನಪಿಸಿಕೊಳ್ಳಿ. ತಿಕ್ರಿತ್‌ನಲ್ಲಿ ಯುದ್ಧದ ನಡುವೆ ಸಿಕ್ಕಿಬಿದ್ದ 46 ನರ್ಸ್‌ಗಳು ಜುಲೈ 5ರಂದು ಕೊಚ್ಚಿಗೆ ಬಂದಿಳಿದ್ರು. ಟಿವಿಯಲ್ಲಿ ಎಲ್ಲರೂ ಖುಷಿಪಟ್ಟೆವು. ಅದಕ್ಕೂ ಮೊದಲು ಅವರಲ್ಲಿ ಕೆಲವರು ವಾಪಸ್ ಬರೋಕೆ ಹಿಂಜರಿದಿದ್ರು. ಸಂಬಳ ಬಾಕಿ ಇದೆ, ಊರಲ್ಲಿ ಸಾಲ ಇದೆ, ಬರೀ ಕೈಲಿ ಬಂದು ಏನು ಮಾಡೋದು? ಬಾಂಬ್ ಸದ್ದಿಗಿಂತ ಬ್ಯಾಂಕ್ ನೋಟಿಸ್ ಹೆಚ್ಚು ಹೆದರಿಸುತ್ತೆ ಅಂದ್ರೆ, ಆ ಕೆಲಸವನ್ನ ಸ್ವಂತ ಇಚ್ಛೆಯಿಂದ ಮಾಡ್ತಿದ್ದಾರೆ ಅಂತ ಹೇಗೆ ಹೇಳೋದು?

ಗಡಿಯ ಈ ಕಡೆ

ಹೊರದೇಶದ ತಪ್ಪು ಎಣಿಸೋದು ಸುಲಭ. ಇವರೆಲ್ಲ ಯಾಕೆ ಹೋಗ್ತಾರೆ ಅನ್ನೋದಕ್ಕೆ ಉತ್ತರ ಮುಂಬೈ, ದೆಹಲಿ, ಪುಣೆ, ಬೆಂಗಳೂರಲ್ಲೇ ಇದೆ. 2011ರ ಅಕ್ಟೋಬರ್‌ನಲ್ಲಿ ಮುಂಬೈಯ ಒಂದು ಖಾಸಗಿ ಆಸ್ಪತ್ರೆಯಲ್ಲಿ ಕೇರಳದ ಯುವ ನರ್ಸ್ ಒಬ್ಬರು ಆತ್ಮಹತ್ಯೆ ಮಾಡಿಕೊಂಡ್ರು. ಬಾಂಡ್ ಮತ್ತು ತಡೆಹಿಡಿದ ಸರ್ಟಿಫಿಕೇಟ್‌ಗಳೇ ಕಾರಣ ಅಂತ ಸಹೋದ್ಯೋಗಿಗಳು ಮುಷ್ಕರಕ್ಕೆ ಇಳಿದ್ರು. ಅದೇ ವರ್ಷ ತ್ರಿಶೂರಿನಲ್ಲಿ ಯುನೈಟೆಡ್ ನರ್ಸಸ್ ಅಸೋಸಿಯೇಷನ್ ಹುಟ್ಟಿತು. ಆಸ್ಪತ್ರೆ ಆಸ್ಪತ್ರೆಯಲ್ಲಿ ಮುಷ್ಕರ ನಡೀತು.

2016ರ ಜನವರಿಯಲ್ಲಿ ಸುಪ್ರೀಂ ಕೋರ್ಟ್ ಖಾಸಗಿ ಆಸ್ಪತ್ರೆ ನರ್ಸ್‌ಗಳ ಸಂಬಳ ನೋಡೋಕೆ ಸಮಿತಿ ಮಾಡಿ ಅಂತ ಹೇಳಿತು. ಆ ಸಮಿತಿಯ ಶಿಫಾರಸು ಸರಳ: 200ಕ್ಕಿಂತ ಹೆಚ್ಚು ಹಾಸಿಗೆಯ ಆಸ್ಪತ್ರೆಯಾದ್ರೆ ಸರ್ಕಾರಿ ನರ್ಸ್‌ಗೆ ಸಮನಾದ ಸಂಬಳ, 50ಕ್ಕಿಂತ ಕಡಿಮೆ ಇದ್ರೂ 20,000ಕ್ಕೆ ಕಡಿಮೆ ಕೊಡಬಾರದು. ಜಾರಿ ಮಾಡೋದು ರಾಜ್ಯಗಳಿಗೆ ಬಿಟ್ಟದ್ದು. ಕೇರಳದ ನರ್ಸ್‌ಗಳು ಮತ್ತೆ ಬೀದಿಗಿಳಿದು 2018ರಲ್ಲಿ ಕನಿಷ್ಠ 20,000ದ ಅಧಿಸೂಚನೆ ಹೊರಡಿಸಿಕೊಂಡ್ರು. ಕೋರ್ಟ್, ಸಮಿತಿ ಎಲ್ಲ ಇದ್ರೂ ಕೊನೆಗೆ ಕೆಲಸ ಮಾಡಿದ್ದು ಒಟ್ಟಿಗೆ ನಿಂತದ್ದೇ.

ನಮಗೆ ಇದರಲ್ಲಿ ಏನು?

ಹೋಲಿಕೆಯನ್ನ ಎಳೆದು ಹಿಗ್ಗಿಸೋದು ನನಗೆ ಇಷ್ಟ ಇಲ್ಲ. ನಾವು ಎಸಿ ರೂಮಲ್ಲಿ ಕೂತವರು, ಅವರು ಹನ್ನೆರಡು ಗಂಟೆ ನಿಂತವರು. ಸಂಬಳದಲ್ಲೂ ಅಜಗಜಾಂತರ. ಆದ್ರೆ ಕಾಗದದ ಲೆಕ್ಕದಲ್ಲಿ ನಾವು ಒಂದೇ ಸಾಲಿನವರು. ಕೆಲಸ ಹೋದ್ರೆ 60 ದಿನದಲ್ಲಿ ಹೊಸ ಸ್ಪಾನ್ಸರ್ ಹುಡುಕು ಅನ್ನೋದು ಅಮೆರಿಕದ ನಮ್ಮ ಹುಡುಗರಿಗೂ ಇದೆ, ಬ್ರಿಟನ್‌ನ ಕೇರ್ ವರ್ಕರ್‌ಗೂ ಇದೆ. ಬ್ರಿಟನ್ 2022ರ ಫೆಬ್ರವರಿಯಲ್ಲಿ ಕೇರ್ ವರ್ಕರ್‌ಗಳಿಗೆ ವೀಸಾ ತೆರೆಯಿತು, 2024ರ ಮಾರ್ಚ್‌ನಿಂದ ಅವರು ಕುಟುಂಬ ತರೋ ಹಾಗಿಲ್ಲ ಅಂತು, 2025ರ ಜುಲೈನಲ್ಲಿ ಹೊರದೇಶದ ಹೊಸಬರಿಗೆ ಬಾಗಿಲೇ ಮುಚ್ಚಿತು. ಮೂರೂವರೆ ವರ್ಷದಲ್ಲಿ ಒಂದು ಪೂರ್ತಿ ಸುತ್ತು. 1948ರಿಂದ ನಡೆದದ್ದೂ ಇದೇ: ಬೇಕಾದಾಗ ಬಾಗಿಲು, ಸಾಕಾದಾಗ ಗೋಡೆ. ಆದ್ರೆ ಮಧ್ಯದಲ್ಲಿ ಷರತ್ತು ಬದಲಾದ ಜಾಗಗಳೂ ಇವೆ, 1978, 2009, 2018. ಆ ಮೂರು ಕಡೆಯೂ ಯಾರೋ ಕೆಲವು ನರ್ಸ್‌ಗಳು ಹೆದರಿಕೊಂಡೇ ಆದ್ರೂ ಒಟ್ಟಿಗೆ ಹೋಗಿ ಬಾಗಿಲು ಬಡಿದಿದ್ರು. ನಾವು ಐಟಿಯವರು? ನಮ್ಮ ವಾಟ್ಸಾಪ್ ಗುಂಪಲ್ಲಿ ಲೇಆಫ್ ಮೀಮ್ ಹಾಕಿ ನಕ್ಕು ಮಲಗ್ತೀವಿ. ನನ್ನನ್ನೂ ಸೇರಿಸಿಯೇ ಹೇಳ್ತಿದ್ದೀನಿ.

ಸಿಸ್ಟರ್ ವಿಷಯ ಹೇಳಿ ಮುಗಿಸ್ತೀನಿ. ಅಪ್ಪನ ಆರು ತಿಂಗಳ ಚೆಕಪ್‌ಗೆ ಹೋದಾಗ ಸಿಕ್ಕಿದ್ರು. ಬಿ2 ಪಾಸಾಗಿತ್ತು. ಸರ್ಟಿಫಿಕೇಟ್ ಕೇಳೋಕೆ ಒಬ್ಬರೇ ಎರಡು ಸಲ ಹೋಗಿದ್ರಂತೆ, "ಮುಂದಿನ ವಾರ ಬನ್ನಿ" ಅಂದು ಕಳಿಸಿದ್ರಂತೆ. ಮೂರನೇ ಸಲ ಅದೇ ವಾರ್ಡ್‌ನ ನಾಲ್ಕು ಜನ, ಒಂದೇ ಅರ್ಜಿಗೆ ಎಲ್ಲರೂ ಸಹಿ ಹಾಕಿ, ಒಟ್ಟಿಗೆ ಹೋದ್ರಂತೆ. ಅವತ್ತೇ ಸಂಜೆ ಲಕೋಟೆ ಕೈಗೆ ಬಂತು. ಅಪ್ಪ ಇದನ್ನ ಕೇಳಿ, "ನಾಲ್ಕು ಜನ ಹೋಗಿದ್ದು ಒಳ್ಳೇದಾಯ್ತು ಕಣಮ್ಮ" ಅಂತ ಹೇಳಿ, ನೂರು ರೂಪಾಯಿ ಕೊಡೋಕೆ ಹೋದ್ರು. ಆಕೆ ತಗೊಳ್ಳಲಿಲ್ಲ, ಕಾಲು ಮುಟ್ಟಿ ನಮಸ್ಕಾರ ಮಾಡಿ ಡ್ಯೂಟಿಗೆ ಹೋದ್ರು.

ನಿಮ್ಮ ಮಾರ್ಕ್ಸ್ ಕಾರ್ಡ್ ಯಾರ ಬೀರುವಿನಲ್ಲಿ ಇತ್ತು, ಹೇಗೆ ವಾಪಸ್ ತಗೊಂಡ್ರಿ ಅಂತ ಕೆಳಗೆ ಬರೀರಿ. ಕಂಪನಿ ಹೆಸರು ಬೇಡ, ಅನುಭವ ಸಾಕು. ಮನೇಲಿ ಯಾರಾದ್ರೂ ನರ್ಸ್ ಇದ್ರೆ ಇದನ್ನ ಅವರಿಗೂ ಕಳಿಸಿ. ತಪ್ಪಿದ್ರೆ ಅವರೇ ತಿದ್ದಲಿ. ಮುಂದಿನ ವಾರ ಸಿಗೋಣ. ನಮಸ್ಕಾರ.